ಏಳನೆಯ ಆವೃತ್ತಿಯ ಮೇಲ್ವಿಚಾರಕಿ

ದಾಖಲೆ ಕೊಠಡಿಯ ಬೀಗದ ಕೈಯನ್ನು ಮೇಲ್ವಿಚಾರಕಿಯವರ ಮನೆತನ ಮೂರು ತಲೆಮಾರಿನಿಂದ ಮರ್ಯಾದೆಯಾಗಿ ಕಾಯ್ದುಕೊಂಡು ಬಂದಿತ್ತು. ಅಜ್ಜ ಒಂದು ಕಡತವನ್ನೂ ಕಳೆದವರಲ್ಲ. ತಂದೆ ಒಂದು ದಿನವೂ ತಡವಾಗಿ ಬಂದವರಲ್ಲ. ಕಾನ್ವೆಂಟಿನಲ್ಲಿ ಕಲಿತ ಮೇಲ್ವಿಚಾರಕಿಯವರಂತೂ ಕೇಳಿದ ಕಡತವನ್ನು ಎರಡೇ ನಿಮಿಷದಲ್ಲಿ ಮೇಜಿನ ಮೇಲಿಡುತ್ತಿದ್ದರು.

ಇಂಥ ಕೊಠಡಿಗೆ ಕಂಪ್ಯೂಟರ್ ಬಂತು. ಕಡತಗಳನ್ನೆಲ್ಲ ತುಂಬಿಡಬೇಕಾದ ವೇಗದ ಕಾರ್ಡು ಮಾತ್ರ ಬರಲಿಲ್ಲ. ಖರೀದಿ ನಿಯಮದ ಪ್ರಕಾರ ಅತ್ಯಂತ ಹೊಸ ಆವೃತ್ತಿಯನ್ನೇ ಕೊಳ್ಳತಕ್ಕದ್ದು. ಐದನೆಯದರ ಟೆಂಡರ್ ಮುಗಿಯುವಷ್ಟರಲ್ಲಿ, ಆವೃತ್ತಿಗಳನ್ನು ಗೊತ್ತುಮಾಡುವ ಮಾನದಂಡ ಮಂಡಳಿ ಅದರ ಎರಡು ಪಟ್ಟು ವೇಗದ ಆರನೆಯದನ್ನು ಪ್ರಕಟಿಸಿತು. ಬಂದ ಪೆಟ್ಟಿಗೆ ಬಿಚ್ಚದೆಯೇ ವಾಪಸು ಹೋಯಿತು. ಆರನೆಯದು ಬಾಗಿಲಿಗೆ ಬರುವಷ್ಟರಲ್ಲಿ ಏಳನೆಯದು.

“ಹಳೇದನ್ನೇ ಹಾಕಿಬಿಡೋಣ ಸಾರ್,” ಎಂದ ತಂತ್ರಜ್ಞ. “ಹೊಸ ಸ್ಲಾಟಲ್ಲೂ ಕೂತ್ಕೊಳ್ಳುತ್ತೆ. ತನ್ನ ಹಳೇ ವೇಗದಲ್ಲಿ ಓಡುತ್ತೆ, ಅಷ್ಟೆ.”

ವ್ಯವಸ್ಥಾಪಕರಿಗೆ ಈ ತತ್ವ ಬಹಳ ಹಿಡಿಸಿತು. ಸಿಬ್ಬಂದಿಗೂ ಆವೃತ್ತಿಯ ಸಂಖ್ಯೆ ಕೊಟ್ಟು ಪಟ್ಟಿ ಮಾಡಿದರು. ಮರುದಿನವೇ ಸುತ್ತೋಲೆ ಹೊರಟಿತು: ‘ಹಳೆಯ ಸಿಬ್ಬಂದಿ ಹೊಸ ಕುರ್ಚಿಯಲ್ಲಿ ಕೂರಬಹುದು. ಆದರೆ ಹಳೆಯ ವೇಗವನ್ನು ಮೀರತಕ್ಕದ್ದಲ್ಲ. ದಿನಕ್ಕೆ ಒಂದು ಕಡತ. ಮೀರಿದವರು ಬೀಗದ ಕೈ ಒಪ್ಪಿಸತಕ್ಕದ್ದು.’

ಅಂದು ಮಧ್ಯಾಹ್ನದೊಳಗೆ ಮೇಲ್ವಿಚಾರಕಿಯವರು ಹನ್ನೊಂದು ಕಡತ ಕೊಟ್ಟಿದ್ದರು.

“ಏನಮ್ಮಾ ಇದು? ಕೀ ಕೊಡಿ,” ಎಂದರು ವ್ಯವಸ್ಥಾಪಕರು.

“ನನ್ನನ್ನ ಎಷ್ಟನೇ ಆವೃತ್ತಿ ಅಂತ ಬರೆದಿದ್ದೀರಿ?”

“ಒಂದನೇದು.”

“ಅಳೆದು ನೋಡಿದಿರಾ?”

ಅಳೆದಿರಲಿಲ್ಲ. ಸಮಿತಿ ಕೂತಿತು. ಕಾರ್ಡಿಲ್ಲದ ಕಂಪ್ಯೂಟರಿಗೂ ಮೇಲ್ವಿಚಾರಕಿಯವರಿಗೂ ಒಂದೇ ಕಡತ ಕೇಳಲಾಯಿತು. ಅವರು ಎರಡು ನಿಮಿಷದಲ್ಲಿ ತಂದರು. ಕಂಪ್ಯೂಟರಿಗೆ ಅನ್ಯಾಯವಾಗಬಾರದೆಂದು ಸಂಜೆಯವರೆಗೆ ಕಾಲಾವಕಾಶ ಕೊಡಲಾಯಿತು. ಕೊನೆಗೆ ಸರ್ವಾನುಮತದ ವರದಿ: ಕಚೇರಿಯ ಅತಿ ವೇಗದ ಸಂಗ್ರಹ ಸಾಧನ ಮೇಲ್ವಿಚಾರಕಿಯವರೇ, ಅವರನ್ನು ಏಳನೆಯ ಆವೃತ್ತಿಯೆಂದು ದಾಸ್ತಾನು ಪುಸ್ತಕಕ್ಕೆ ಸೇರಿಸತಕ್ಕದ್ದು.

ಸರಬರಾಜು ಪೂರ್ಣಗೊಂಡಿದೆ ಎಂದು ಕಾರ್ಡಿನ ಗುತ್ತಿಗೆದಾರರಿಗೂ ಪತ್ರ ಸಿಕ್ಕಿತು. ಅವರು ಖುದ್ದಾಗಿ ಬಂದು ‘ಏಳನೆಯ ಆವೃತ್ತಿ’ ಎಂಬ ಕಾರ್ಡಿನ ಚೀಟಿಯನ್ನು ಮೇಲ್ವಿಚಾರಕಿಯವರ ಕುರ್ಚಿಗೆ ಅಂಟಿಸಿದರು.

“ಸೊಟ್ಟಗಿದೆ,” ಎಂದರು ಮೇಲ್ವಿಚಾರಕಿ. ಕೀಳಿಸಿ ನೇರವಾಗಿ ಅಂಟಿಸಿಕೊಂಡರು.

ಸೋಮವಾರ ಮಂಡಳಿ ಎಂಟನೆಯದನ್ನು ಘೋಷಿಸಿತು.

“ಅಮ್ಮಾ, ನಿಯಮದ ಪ್ರಕಾರ ನಿಮ್ಮನ್ನ ವಾಪಸು...” ವ್ಯವಸ್ಥಾಪಕರು ತಡವರಿಸಿದರು.

“ಬಳಸಿದ ಸಾಮಾನನ್ನ ಯಾರು ವಾಪಸು ತಗೊಳ್ತಾರೆ?”

ಇದು ಎಲ್ಲರಿಗೂ ಸರಿಯೆನಿಸಿತು. ಬೀಗದ ಕೈ ಅಲುಗಲಿಲ್ಲ. ಮೇಲ್ವಿಚಾರಕಿಯವರು ಕಾಗದ ತೆಗೆದುಕೊಂಡು ಮಂಡಳಿಗೆ ಪತ್ರ ಬರೆದರು. ಕಚೇರಿಯವರೆಲ್ಲ ಸಾಲಾಗಿ ನಿಂತು ಸಹಿ ಹಾಕಿದರು, ವ್ಯವಸ್ಥಾಪಕರದ್ದೇ ಮೊದಲು.

‘ಏಳನೆಯ ಆವೃತ್ತಿ ಸುಸ್ಥಿತಿಯಲ್ಲಿ ಕೆಲಸ ಮಾಡುತ್ತಿರುವಾಗ, ಅದನ್ನು ಒಂದು ಮಾತೂ ಕೇಳದೆ ಎಂಟನೆಯದನ್ನು ಘೋಷಿಸಿದ್ದೀರಿ. ಲಿಖಿತವಾಗಿ ಕ್ಷಮೆ ಕೇಳಿ.’