ಒಂದು ಹೆಬ್ಬೆರಳಿಗೆ ಸುಸ್ತಾದ ಅಯಾನ್ ಪಂಪಿಗೆ

ಕಿಬ್ಬನಹಳ್ಳಿ ಕ್ರಾಸಿನ ಪರೀಕ್ಷಾಲಯದಲ್ಲಿ ಉಕ್ಕಿನ ಪಾತ್ರೆಯೊಂದಕ್ಕೆ ಕಚ್ಚಿಕೊಂಡು ವಾಸವಾಗಿರುವ ಶ್ರೀ ಅಯಾನ್ ಪಂಪ್ ಅವರ ಸನ್ನಿಧಾನಕ್ಕೆ, ಕಂದಿಕೆರೆಯ ಶಿವರುದ್ರಮ್ಮ ಮಾಡುವ ನಮಸ್ಕಾರಗಳು.

ಮಾನ್ಯರೇ,

ತಾವು ಕ್ಷೇಮವೆಂದು ಕೇಳಿ ಹೊಟ್ಟೆ ಉರಿಯಿತು. ಅಲ್ಲೇ ಕೆಲಸ ಮಾಡುವ ನನ್ನ ಮೊಮ್ಮಗಳು ಸುಷ್ಮಿತಾ ಹೇಳುವಂತೆ, ತಮ್ಮ ಉದ್ಯೋಗವೆಂದರೆ ಆ ಪಾತ್ರೆಯೊಳಗೆ ಗಾಳಿಯ ಸುಳಿವೂ ಉಳಿಯದಂತೆ ಮಾಡಿ, ಅದನ್ನು ಹಾಗೆಯೇ ಕಾಯುವುದು. ಪಂಪೆಂದರೆ ನಮ್ಮ ಬೋರ್‌ವೆಲ್ಲಿನದು. ಇಲ್ಲಿ ಎಳೆದದ್ದನ್ನು ಅಲ್ಲಿ ಸುರಿಯುತ್ತದೆ, ನಾಲ್ಕು ಮರ ಬದುಕುತ್ತವೆ. ತಮಗೆ ತಿರುಗುವ ಚಕ್ರವಿಲ್ಲ, ಹೊರಹಾಕುವ ದಾರಿಯಿಲ್ಲ, ಎಳೆದದ್ದೆಲ್ಲ ಹೊಟ್ಟೆಗೇ.

ಅದರಲ್ಲೂ ತಾವು ಮೊದಲೇ ಬಂದು ಕೈ ಕೆಸರು ಮಾಡಿಕೊಳ್ಳುವವರಲ್ಲ. ಬೇರೆ ಎರಡು ಪಂಪುಗಳು ಅರಚಿಕೊಂಡು ಗಾಳಿಯನ್ನೆಲ್ಲ ಹೊತ್ತು ಹೊರಗೆ ಹಾಕಬೇಕು, ಪಾತ್ರೆಗೆ ಬಿಸಿಪಟ್ಟಿ ಸುತ್ತಿ ಎರಡು ದಿನ ಕಾಯಿಸಿ ಗೋಡೆಗಂಟಿದ ತೇವ ಬಿಡಿಸಬೇಕು. ಇಷ್ಟಾದ ಮೇಲೆ, ಎಲೆ ಹಾಕಿ ಕರೆದರೆ ಬರುವ ಬೀಗರಂತೆ, ತಾವು ಚಿತ್ತೈಸುತ್ತೀರಿ. ಆಗ ಐದು ಸಾವಿರ ವೋಲ್ಟು ಕೊಟ್ಟು, ಎರಡು ಕಡೆ ಅಯಸ್ಕಾಂತ ಹಿಡಿಯಬೇಕು. ಅವುಗಳ ನಡುವೆ ಎಲೆಕ್ಟ್ರಾನುಗಳು ಗಾಣದೆತ್ತಿನಂತೆ ಸುತ್ತುತ್ತಾ, ಅಳಿದುಳಿದ ಗಾಳಿಯ ಕಣಕ್ಕೆ ಡಿಕ್ಕಿ ಹೊಡೆದು, ಅದರದೊಂದು ಎಲೆಕ್ಟ್ರಾನನ್ನೂ ಕಿತ್ತುಬಿಡುತ್ತವಂತೆ. ಹೀಗೆ ಅಯಾನ್ ಆದ ಆ ಬಡಪಾಯಿಯನ್ನು ತಾವು ಟೈಟಾನಿಯಂ ತಗಡಿಗೆ ಅಪ್ಪಳಿಸುತ್ತೀರಿ. ತಗಡಿನ ಪುಡಿ ಚಿಮ್ಮಿ ಸುತ್ತಲೂ ಬಳಿದುಕೊಳ್ಳುತ್ತದೆ. ಅದನ್ನು ಮುಟ್ಟಿದ ಗಾಳಿ ಅಲ್ಲೇ ಅಂಟಿ ಸಮಾಧಿಯಾಗುತ್ತದೆ. ಆಹಾ, ಎಂಥ ಆತಿಥ್ಯ! ಆರ್ಗಾನ್ ಎಂಬ ಗಾಳಿ ಮಾತ್ರ ಯಾರಿಗೂ ಅಂಟುವ ಜಾತಿಯಲ್ಲದ್ದರಿಂದ ತಮಗೆ ಅಜೀರ್ಣವಾಗಿ, ನುಂಗಿದ್ದನ್ನು ಆಗಾಗ ಕಕ್ಕುತ್ತೀರೆಂದು ಕೇಳಿ ಸಂತೋಷವಾಯಿತು.

ಇನ್ನು ನನ್ನ ದೂರು. ಹೋದ ತಿಂಗಳು ಪರೀಕ್ಷಾಲಯದವರು ಸುತ್ತಲ ಹಳ್ಳಿಯವರಿಗೆಲ್ಲ ಬಾಗಿಲು ತೆರೆದಿದ್ದಾಗ ನಾನೂ ಹೋಗಿದ್ದೆ. ಪಾತ್ರೆ ಬಾಯಿ ತೆರೆದುಕೊಂಡಿತ್ತು. ‘ಒಳಗೆ ಒಂಚೂರೂ ತೇವ ಇರಬಾರದು ಕಣಜ್ಜಿ’ ಎಂದು ಹೇಳಿ ಸುಷ್ಮಿತಾ ಅತ್ತ ತಿರುಗಿದಳು. ನಮ್ಮಲ್ಲಿ ಅಟ್ಟದ ಕಾಯಿ ಒಡೆದಾಗ ಕೊಬ್ಬರಿ ಒಣಗಿದೆಯೋ ಇಲ್ಲವೋ ಎಂದು ಹೆಬ್ಬೆರಳಿನಿಂದ ಒಳಮೈ ಒತ್ತಿ ನೋಡುತ್ತೇವೆ, ಕಣ್ಣನ್ನು ನಂಬುವುದಿಲ್ಲ. ಇಲ್ಲೂ ಒತ್ತಿ ನೋಡಿದೆ. ಚೆನ್ನಾಗಿಯೇ ಒಣಗಿತ್ತು. ಆದರೆ ಐವತ್ತು ವರ್ಷ ಕೊಬ್ಬರಿ ಮುಟ್ಟಿದ ಬೆರಳು ಸೋಪಿಗೆಲ್ಲಿ ಎಣ್ಣೆ ಬಿಡುತ್ತದೆ?

ಅಷ್ಟೊಂದು ಗಾಳಿ ಜೀರ್ಣಿಸಿಕೊಂಡ ಮಹಾನುಭಾವರಾದ ತಾವು, ಮುದುಕಿಯ ಒಂದು ಬೆರಳಿನ ಜಿಡ್ಡು ಬಿಟ್ಟ ಆವಿಗೆ ಹನ್ನೊಂದು ದಿನ ಏದುಸಿರು ಬಿಟ್ಟಿರಿ. ಸುಮ್ಮನಾದರೂ ಇದ್ದಿರಾ? ಒಳಗಿನ ಗಾಳಿ ಕಮ್ಮಿಯಾದಂತೆ ತಾವು ಎಳೆಯುವ ಕರೆಂಟೂ ಇಳಿಯಬೇಕಂತೆ. ಇಳಿಯುತ್ತಿಲ್ಲವೆಂದು ಮೀಟರಿನಲ್ಲಿ ಚಾಡಿ ಹೇಳಿದಿರಿ. ಮೇಲಧಿಕಾರಿ ಸೂರ್ಯಪ್ರಕಾಶ್ ಪಾತ್ರೆ ತೆರೆಸಿದರೆ, ಕಾಯಿಸಿದ ಬಿಸಿಗೆ ಕಂದುಗಟ್ಟಿದ ಹೆಬ್ಬೆರಳಿನ ಗುರುತು. ‘ನಂದೇ ಸಾರ್, ಗ್ಲೌಸ್ ಹಾಕ್ಕಳದು ಮರ್ತಿದ್ದೆ’ ಎಂದು ನನ್ನ ಮೊಮ್ಮಗಳು ತಪ್ಪನ್ನು ತನ್ನ ತಲೆಗೆ ಹಾಕಿಕೊಂಡಳು. ಅವಳನ್ನು ಕಾಯಂ ಮಾಡುವ ಕಾಗದ ಅಂದಿನಿಂದ ಅಧಿಕಾರಿಗಳ ಮೇಜಿನ ಮೇಲೆ ಬಿದ್ದಿದೆ. ಜೊತೆಯಲ್ಲಿ ಕೆಲಸ ಮಾಡುವ ರುಕ್ಸಾನ ಮನೆಗೆ ಬಂದು, ‘ಅಜ್ಜಿ, ನೀವೇನಾದ್ರೂ ಒಳಗೆ ಮುಟ್ಟಿದ್ರಾ?’ ಎಂದಾಗಲೇ ನನಗೆ ತಿಳಿದದ್ದು. ಸುಷ್ಮಿತಾಳನ್ನು ಕೇಳಿದರೆ, ‘ಅದೆಲ್ಲ ನಿಂಗ್ಯಾಕಜ್ಜಿ, ಉಣ್ಣು ಬಾ’ ಅನ್ನುತ್ತಾಳೆ. ಉಂಡ ಅನ್ನ ಮೈಗೆ ಹತ್ತುತ್ತಿಲ್ಲ.

ಆದ್ದರಿಂದ ತಾವು ದಯಮಾಡಿ ಎರಡೂ ಅಯಸ್ಕಾಂತ ಕಳಚಿಟ್ಟು, ಸೂರ್ಯಪ್ರಕಾಶರ ಮುಂದೆ ಕೈಕಟ್ಟಿ ನಿಂತು ನಿಜ ಹೇಳಬೇಕು. ಬಾಯಿಲ್ಲವೆಂಬ ನೆಪ ಬೇಡ, ಚಾಡಿಗೆ ಇತ್ತಲ್ಲ. ಹಾಗೆಯೇ ಒಮ್ಮೆ ಬಂದು ನಮ್ಮ ಪಕ್ಕದ ಮನೆ ಹುಚ್ಚಕ್ಕನ ಬಾಯಿಗೆ ಜೋಡಿಸಿಕೊಳ್ಳಿ. ಅಲ್ಲಿ ಬರುವುದೆಲ್ಲ ಗಾಳಿಯೇ, ತಮಗೆ ಜೀವಮಾನದ ಊಟ. ಇದೊಂದೂ ತಮ್ಮಿಂದಾಗದಿದ್ದರೆ ಬೇಡ, ನಾನೇ ಸಹಿಯ ಪಕ್ಕ ಬಲಗೈ ಹೆಬ್ಬೆಟ್ಟು ಒತ್ತಿ, ಇದರ ಪ್ರತಿಯನ್ನು ಪರೀಕ್ಷಾಲಯದ ಬಾಗಿಲಿಗೂ ಅಂಟಿಸಿದ್ದೇನೆ. ಸೂರ್ಯಪ್ರಕಾಶರು ಅದನ್ನು ಪಾತ್ರೆಯ ಗುರುತಿಗೆ ಹೋಲಿಸಿ ನೋಡಿ, ಹುಡುಗಿಯ ಕಾಗದಕ್ಕೆ ರುಜು ಹಾಕಲಿ.

ತಮ್ಮೊಳಗೆ ವಿಶ್ವಾಸಕ್ಕೂ ಜಾಗವಿಲ್ಲವೆಂದು ತಿಳಿದೂ ತಮ್ಮ ವಿಶ್ವಾಸಿ,
ಶಿವರುದ್ರಮ್ಮ

ತಾ.ಕ.: ಸೂರ್ಯಪ್ರಕಾಶ್ ಅವರೇ, ಮುಟ್ಟಬಾರದೆಂದು ಅಲ್ಲೊಂದು ಬೋರ್ಡು ಇತ್ತಂತೆ, ಇಂಗ್ಲಿಷಿನಲ್ಲಿ. ಕಂದಿಕೆರೆಯವರನ್ನು ಕರೆದು ಇಂಗ್ಲೆಂಡಿನವರಿಗೆ ಬೋರ್ಡು ಬರೆಸಿದ ತಪ್ಪನ್ನು ಯಾರ ತಲೆಗೆ ಕಟ್ಟುತ್ತೀರಿ? ನಾನು ನಾಲ್ಕನೇ ಕ್ಲಾಸು ಪಾಸು. ‘ಮುಟ್ಟಬೇಡಿ’ ಎಂದು ಓದಲು ಅಷ್ಟು ಸಾಕು.