ತೊಂಬತ್ತಾರಾದ ಮೇಲೆ ನೂರಹದಿಮೂರು

ವಿಮರ್ಶಕರು ಪುಸ್ತಕ ಓದುವುದಿಲ್ಲ ಎಂಬ ದೂರು ಬಹಳ ಹಳೆಯದು, ಮತ್ತು ಅದು ಶುದ್ಧ ಸುಳ್ಳು. ನಾವು ಓದುತ್ತೇವೆ. ಬೆನ್ನುಡಿ ಓದುತ್ತೇವೆ, ಪರಿವಿಡಿ ಓದುತ್ತೇವೆ, ಅರ್ಪಣೆ ಯಾರಿಗೆ ಎಂದು ಕುತೂಹಲದಿಂದ ಓದುತ್ತೇವೆ, ಮೊದಲನೆಯ ಅಧ್ಯಾಯವನ್ನಂತೂ ಪೆನ್ಸಿಲ್ ಹಿಡಿದುಕೊಂಡೇ ಓದುತ್ತೇವೆ. ಅಲ್ಲಿಂದ ಮುಂದೆ ನಾವು ಮಾಡುವ ಕೆಲಸಕ್ಕೆ ಕಣ್ಣಾಡಿಸುವುದು ಎಂದು ಹೆಸರು. ಶಿಕಾರಿಪುರದ ಕಾಲೇಜೊಂದರಲ್ಲಿ ಇಪ್ಪತ್ತೆರಡು ವರ್ಷದಿಂದ ಕನ್ನಡ ಪಾಠ ಮಾಡುತ್ತಿರುವ ನಾನು ಈ ಕೆಲಸದಲ್ಲಿ ಚೆನ್ನಾಗಿ ಪಳಗಿದ್ದೇನೆ. ಸೊರಬದಲ್ಲಿ ಬಸ್ಸು ಹತ್ತಿ ಮುನ್ನೂರು ಪುಟದ ಕಾದಂಬರಿ ತೆರೆದರೆ, ಶಿರಾಳಕೊಪ್ಪ ದಾಟಿ ಶಿಕಾರಿಪುರದ ಸ್ಟ್ಯಾಂಡು ಬರುವಷ್ಟರಲ್ಲಿ ಅದರಲ್ಲಿರುವ ಪ್ರತಿರೋಧವನ್ನೆಲ್ಲ ಪತ್ತೆ ಹಚ್ಚಿ ಮುಗಿಸಿರುತ್ತೇನೆ. ಕಂಡಕ್ಟರು ಚಿಲ್ಲರೆ ಕೊಡುವುದು ತಡವಾದರೆ ಅಂಚಿನ ದನಿಗಳನ್ನೂ ಹುಡುಕಿಬಿಡುತ್ತೇನೆ.

ನನ್ನದು ವಸಾಹತೋತ್ತರ ವಿಮರ್ಶೆ. ಅಂದರೆ, ಬ್ರಿಟಿಷರು ಹೋದ ಮೇಲೂ ನಮ್ಮ ಕಥೆ ಕಾದಂಬರಿಗಳ ಒಳಗೆ ಅವರು ಎಲ್ಲೆಲ್ಲಿ ಅಡಗಿ ಕೂತಿದ್ದಾರೆ ಎಂದು ತೋರಿಸಿಕೊಡುವ ಕೆಲಸ. ಡಾಕ್ಟರೇಟಿಗಾಗಿ ನಾನು ಕನ್ನಡದ ಜೊತೆಗೆ ಬಂಗಾಳದ, ಲಂಕೆಯ, ಪಾಕಿಸ್ತಾನದ ಕಾದಂಬರಿಗಳ ಮೇಲೂ ಕಣ್ಣಾಡಿಸಿದ್ದೆ. ಈ ವಿದ್ಯೆ ಒಮ್ಮೆ ತಲೆಗೆ ಹತ್ತಿದರೆ ಮನೆಯಲ್ಲೂ ಬಿಡುವುದಿಲ್ಲ. ಮದುವೆಯಾದ ಹೊಸತರಲ್ಲಿ ಒಂದು ಬೆಳಿಗ್ಗೆ, ನಾವು ಕುಡಿಯುವ ಚಹಾ ಹೇಗೆ ವಸಾಹತುಶಾಹಿಯ ಬಳುವಳಿ ಎಂದು ಹೆಂಡತಿ ಶೈಲಜಳಿಗೆ ಅರ್ಧ ಗಂಟೆ ವಿವರಿಸಿದೆ. ಅವಳು ಪೂರ್ತಿ ಕೇಳಿಸಿಕೊಂಡಳು. ಮರುದಿನದಿಂದ ನನ್ನ ಲೋಟದಲ್ಲಿ ಜೀರಿಗೆ ಕಷಾಯ ಬರತೊಡಗಿತು, ಅವಳ ಲೋಟದಲ್ಲಿ ಏಲಕ್ಕಿ ಹಾಕಿದ ಚಹಾ. ಮೂರನೆಯ ದಿನ ನಾನು ಸಾಮ್ರಾಜ್ಯದ ಜೊತೆ ರಾಜಿ ಮಾಡಿಕೊಂಡೆ.

ಶೈಲಜ ಕಾದಂಬರಿಗಳನ್ನು ಓದುವ ರೀತಿ ಬೇರೆ. ಮೊದಲ ಪುಟದಿಂದ ಶುರುಮಾಡಿ ಕೊನೆಯ ಪುಟಕ್ಕೆ ಮುಗಿಸುತ್ತಾಳೆ. ನಾನು ಯಾವುದೇ ಪುಸ್ತಕದ ಬಗ್ಗೆ ಬರೆದರೂ ಅವಳದು ಒಂದೇ ಪ್ರಶ್ನೆ, ಪುಸ್ತಕ ಚೆನ್ನಾಗಿದೆಯೋ ಇಲ್ಲವೋ ಎಂದು. ಅದು ಹಾಗೆ ಕೇಳುವಂಥದ್ದಲ್ಲ, ಕೃತಿಯನ್ನು ಒಂದು ನೆಲೆಯಲ್ಲಿಟ್ಟು ನೋಡಬೇಕು ಎಂದು ನಾನು ಹೇಳುತ್ತೇನೆ. ಹಾಗಾದರೆ ಚೆನ್ನಾಗಿಲ್ಲ ಎಂದು ಅವಳು ತೀರ್ಮಾನಿಸುತ್ತಾಳೆ. ಈ ಲೆಕ್ಕದಲ್ಲಿ ಎಷ್ಟು ಒಳ್ಳೆಯ ಪುಸ್ತಕಗಳು ನನ್ನಿಂದಾಗಿ ನಮ್ಮ ಮನೆಯಲ್ಲಿ ಹೆಸರು ಕೆಡಿಸಿಕೊಂಡಿವೆಯೋ ನಾನರಿಯೆ.

ಈಗ ಸುವರ್ಣಮ್ಮನವರ ವಿಷಯಕ್ಕೆ ಬರುತ್ತೇನೆ. ಇಷ್ಟು ಹೊತ್ತು ಸುತ್ತಿ ಬಳಸಿದ್ದು ಅದನ್ನು ಹೇಳಲು ನಾಚಿಕೆಯಾಗಿ. ಸೊರಬ ತಾಲ್ಲೂಕಿನ ಹೊಸಬಾಳೆಯಲ್ಲಿ ಅವರ ಮನೆ. ಗಂಡ ಗದ್ದೆ ನೋಡಿಕೊಳ್ಳುತ್ತಾರೆ, ಇವರು ಜಗುಲಿಯ ಮೇಲೆ ಹೊಲಿಗೆ ಮಿಷನ್ ಇಟ್ಟುಕೊಂಡು ಊರಿನ ಹೆಂಗಸರ ರವಿಕೆ ಹೊಲಿಯುತ್ತಾರೆ. ಐವತ್ತು ದಾಟಿದ ಮೇಲೆ ಒಂದು ಕಾದಂಬರಿ ಬರೆದರು. ಬ್ರಿಟಿಷರು ಜಮೀನು ಅಳೆಸುತ್ತಿದ್ದ ಕಾಲದಿಂದ ಶುರುವಾಗಿ ಮೂರು ತಲೆಮಾರು ಸಾಗುವ ಕಥೆ. ಸೊರಬದಲ್ಲಿ ಅದನ್ನು ಟೈಪು ಮಾಡಿಸಿ, ಜೆರಾಕ್ಸ್ ತೆಗೆಸಿ, ಒಂದು ಚಿಪ್ಪು ಬಾಳೆಹಣ್ಣಿನ ಜೊತೆ ನಮ್ಮ ಮನೆಗೆ ತಂದುಕೊಟ್ಟು, ಮುನ್ನುಡಿ ಬರೆದುಕೊಡಬೇಕು ಎಂದು ಕೇಳಿದರು. ಬಾಳೆಹಣ್ಣು ಎರಡು ದಿನದಲ್ಲಿ ಮುಗಿಯಿತು. ಮುನ್ನುಡಿಯೂ ಅಷ್ಟೇ ಬೇಗ ಆಯಿತು.

ಆ ಮುನ್ನುಡಿಯ ಬಗ್ಗೆ ನನಗೆ ಹೆಮ್ಮೆಯೇ ಇತ್ತು. ಕಾದಂಬರಿಯ ನಡುವೆ ಒಂದು ಜಾಗದಲ್ಲಿ ಜಮೀನು ಅಳೆಯಲು ಬಂದ ಸರ್ವೆ ಸಾಹೇಬ ಊರ ಹೊರಗೆ ಡೇರೆ ಹಾಕುತ್ತಾನೆ, ಅವನ ಜನ ಅಳತೆಯ ಸರಪಳಿ ಬಿಚ್ಚುತ್ತಾರೆ, ಕಥೆಯ ಮುಖ್ಯ ಪಾತ್ರವಾದ ಬಸವ್ವಜ್ಜಿ ಮೊರ ಹಿಡಿದುಕೊಂಡು ಮನೆಯಿಂದ ಹೊರಗೆ ಬರುತ್ತಾಳೆ. ಪುಟ ತಿರುಗಿಸಿದರೆ ಮೂವತ್ತು ವರ್ಷ ಕಳೆದುಹೋಗಿದೆ, ಅಜ್ಜಿ ತೀರಿಕೊಂಡಿದ್ದಾಳೆ, ಮೊಮ್ಮಕ್ಕಳು ದೊಡ್ಡವರಾಗಿದ್ದಾರೆ. ಅಂದು ಏನಾಯಿತು ಎಂಬುದರ ಬಗ್ಗೆ ಒಂದು ಅಕ್ಷರವಿಲ್ಲ. ನನಗೆ ಮೈ ಜುಮ್ಮೆಂದಿತು. ಅಧಿಕಾರ ಎದುರು ಬಂದು ನಿಂತ ಗಳಿಗೆಯಲ್ಲಿ ಕಥನ ಮೂಕವಾಗುತ್ತದೆ, ವಸಾಹತು ಮಾಡಿದ ಗಾಯದ ಮುಂದೆ ಭಾಷೆಯೇ ಸೋಲುತ್ತದೆ, ಹಳ್ಳಿಯ ಹೆಣ್ಣಿಗೆ ಇಲ್ಲಿ ಮೌನವಲ್ಲದೆ ಬೇರೆ ಮಾತಿಲ್ಲ, ಈ ಮೌನವೇ ಕೃತಿಯ ಶಿಖರ ಎಂದೆಲ್ಲ ಎರಡೂವರೆ ಪುಟ ಬರೆದೆ. ಬರೆದದ್ದನ್ನು ಸುವರ್ಣಮ್ಮನವರಿಗೆ ಅಂಚೆಯಲ್ಲಿ ಕಳಿಸಿ ಮರೆತುಬಿಟ್ಟೆ.

ಹದಿನೈದು ದಿನದ ಮೇಲೆ ಪ್ರೆಸ್ಸಿನವರ ಫೋನು ಬಂತು. ಸುವರ್ಣಮ್ಮ ಅಕ್ಕಾವರು ಬಂದಿದ್ದರು, ತೊಂಬತ್ತೇಳರಿಂದ ನೂರಹನ್ನೆರಡರವರೆಗಿನ ಪುಟಗಳನ್ನು ತೆಗೆದುಬಿಡಿ ಎಂದರು, ಅದು ನೀವೇ ಹೇಳಿದ್ದಂತೆ, ಅಚ್ಚಿಗೆ ಕಳಿಸುವ ಮೊದಲು ಒಂದು ಮಾತು ಕೇಳೋಣ ಅಂತ ಮಾಡಿದೆ ಎಂದರು. ನಾನು ಹಾಗೆಂದೂ ಹೇಳಿರಲಿಲ್ಲ. ಒಂದು ನಿಮಿಷ ಇರಿ ಎಂದು ಜೆರಾಕ್ಸ್ ಪ್ರತಿ ಹುಡುಕಿ ತೆಗೆದೆ. ಸಾಹೇಬ ಡೇರೆ ಹಾಕುವ, ಅಜ್ಜಿ ಮೊರ ಹಿಡಿದು ಹೊರಡುವ ಪುಟದ ಕೆಳಗೆ ತೊಂಬತ್ತಾರು ಎಂದಿತ್ತು. ಮುಂದಿನ ಹಾಳೆಯ ಕೆಳಗೆ ನೂರಹದಿಮೂರು ಎಂದಿತ್ತು.

ಜೆರಾಕ್ಸ್ ಅಂಗಡಿಯಲ್ಲಿ ಒಂದು ಕಂತೆ ಬಿಟ್ಟುಹೋಗಿತ್ತು. ಕೃತಿಯ ಶಿಖರ ಎಂದು ನಾನು ಹೊಗಳಿದ್ದು ಆ ಕಂತೆ ಇಲ್ಲದ ಜಾಗವನ್ನು.

ಆಮೇಲೆ ತಿಳಿಸುತ್ತೇನೆ ಎಂದು ಫೋನು ಇಟ್ಟು ಕುರ್ಚಿಯಲ್ಲಿ ಕೂತೆ. ಸುವರ್ಣಮ್ಮ ಹೀಗೇಕೆ ಮಾಡಿದರು ಎಂಬುದು ನಿಧಾನವಾಗಿ ಹೊಳೆಯಿತು. ನಮ್ಮ ಕಡೆ ದೊಡ್ಡವರು ಯಾರ ತಪ್ಪನ್ನೂ ಮುಖಕ್ಕೆ ಹೇಳುವುದಿಲ್ಲ. ತಪ್ಪು ಆಗಲೇ ಸರಿಯಾಗಿಬಿಟ್ಟಿದೆ ಎಂಬಂತೆ ಹೊಗಳುತ್ತಾರೆ, ಕೇಳಿದವರು ಅರ್ಥ ಮಾಡಿಕೊಂಡು ತಿದ್ದಿಕೊಳ್ಳಬೇಕು. ನನ್ನ ಅತ್ತೆಯ ಮನೆಯಲ್ಲಿ ಹುಳಿಗೆ ಖಾರ ಹೆಚ್ಚಾದ ದಿನ ಹಿರಿಯರೊಬ್ಬರು, ನಿಮ್ಮ ಮನೆಯಲ್ಲಿ ಖಾರ ಹಿತವಾಗಿ ಹಾಕುತ್ತೀರಮ್ಮ, ಅದೇ ಒಳ್ಳೆಯದು ಎಂದು ಬೆವರು ಒರೆಸಿಕೊಳ್ಳುತ್ತ ಹೇಳಿದ್ದನ್ನು ಕಂಡಿದ್ದೇನೆ. ಸುವರ್ಣಮ್ಮನೂ ನನ್ನ ಮುನ್ನುಡಿಯನ್ನು ಹಾಗೆಯೇ ಓದಿದ್ದರು. ಮೇಷ್ಟ್ರು ಆ ಹದಿನಾರು ಪುಟ ಓದಿ, ಇವು ಇಲ್ಲದಿದ್ದರೇ ಚೆಂದ ಎಂದು ಮರ್ಯಾದೆಯಿಂದ ಹೇಳಿದ್ದಾರೆ ಎಂದುಕೊಂಡಿದ್ದರು.

ಇಲ್ಲಿ ನನ್ನ ಮನಸ್ಸಿನ ಒಂದು ಕೊಳಕನ್ನೂ ಹೇಳಿಬಿಡುತ್ತೇನೆ. ಸುಮ್ಮನಿದ್ದುಬಿಟ್ಟರೆ ಹೇಗೆ ಎಂದು ಯೋಚಿಸಿದೆ. ಪುಟಗಳು ಹೋದರೆ ಮುನ್ನುಡಿಯಲ್ಲಿ ಬರೆದದ್ದೆಲ್ಲ ಅಕ್ಷರಶಃ ನಿಜವಾಗುತ್ತಿತ್ತು. ವಿಮರ್ಶೆಗೆ ತಕ್ಕಂತೆ ಕೃತಿಯೇ ತನ್ನನ್ನು ತಿದ್ದಿಕೊಳ್ಳುವ ಭಾಗ್ಯ ಎಷ್ಟು ಜನ ವಿಮರ್ಶಕರಿಗೆ ಸಿಕ್ಕೀತು? ಈ ವಾದವನ್ನು ಸ್ವಲ್ಪ ನಯಗೊಳಿಸಿ ಶೈಲಜಳ ಮುಂದೆ ಇಟ್ಟೆ. ಅವಳು ಸೊಪ್ಪು ಬಿಡಿಸುತ್ತಿದ್ದಳು.

“ಆ ಹದಿನಾರು ಪುಟದಲ್ಲಿ ಏನಿದೆ?” ಎಂದಳು.

“ಗೊತ್ತಿಲ್ಲ.”

“ಏನಿದೆ ಅಂತಾನೇ ಗೊತ್ತಿಲ್ಲದೆ ತೆಗೆಸ್ತಾ ಇದ್ದೀರಾ?”

ಸೊಪ್ಪಿನಿಂದ ತಲೆ ಎತ್ತದೆ ಕೇಳಿದ ಆ ಪ್ರಶ್ನೆಗೆ ನನ್ನ ಬಳಿ ಯಾವ ನೆಲೆಯೂ ಇರಲಿಲ್ಲ. ಸೋಮವಾರದವರೆಗೆ ತಡೆಯಿರಿ ಎಂದು ಪ್ರೆಸ್ಸಿಗೆ ಹೇಳಿದೆ. ಭಾನುವಾರ ಬೆಳಿಗ್ಗೆ ಸೊರಬದಲ್ಲಿ ಬಸ್ಸು ಹತ್ತಿ ಹೊಸಬಾಳೆಯಲ್ಲಿ ಇಳಿದೆ. ದಾರಿಯುದ್ದಕ್ಕೂ ತಪ್ಪೊಪ್ಪಿಗೆಯ ಮಾತು ಹೊಂದಿಸಿಕೊಂಡೆ. ಮೊದಲ ಸಲ ಹೊಂದಿಸಿದಾಗ ಅದರಲ್ಲಿ ಓದಿನ ರಾಜಕಾರಣ ಎಂಬ ಮಾತು ಬಂತು. ಅದನ್ನು ಹೊಡೆದು ಹಾಕಿದೆ. ಎರಡನೆಯ ಸಲ ಪಠ್ಯದ ಅಪೂರ್ಣತೆ ಬಂತು. ಅದನ್ನೂ ಹೊಡೆದು ಹಾಕಿದ ಮೇಲೆ, ನಾನು ಓದಿರಲಿಲ್ಲ ಎಂಬುದಷ್ಟೇ ಉಳಿಯಿತು.

ಸುವರ್ಣಮ್ಮ ಮಿಷನ್ನಿನ ಮುಂದೆ ಇದ್ದರು. ಮೇಷ್ಟ್ರು ಮನೆಗೆ ಬಂದರೆಂದು ಗಡಿಬಿಡಿಯಿಂದ ಎದ್ದು, ಕೂರಲು ಕುರ್ಚಿ ಹಾಕಿ, ಗಂಡ ಗದ್ದೆಗೆ ಹೋಗಿದ್ದಾರೆ, ಈಗ ಬರುತ್ತಾರೆ ಎಂದರು. ಚಹಾ ಬಂತು. ಮುನ್ನುಡಿ ಪೂರ್ತಿ ತಿಳಿಯಲಿಲ್ಲ, ಆದರೆ ಎಲ್ಲೂ ಬೈದಿಲ್ಲ ಎಂಬುದು ತಿಳಿಯಿತು ಎಂದು ನಕ್ಕರು. ಇನ್ನು ತಡಮಾಡಿದರೆ ಧೈರ್ಯ ಹೋಗುತ್ತದೆಂದು ನಾನು ಲೋಟ ಕೆಳಗಿಟ್ಟು, ಜೆರಾಕ್ಸಿನಲ್ಲಿ ಆ ಪುಟಗಳೇ ಇರಲಿಲ್ಲ, ಇಲ್ಲವೆಂಬುದನ್ನೂ ನಾನು ನೋಡಲಿಲ್ಲ ಎಂದು ಒಂದೇ ಉಸಿರಿಗೆ ಹೇಳಿಬಿಟ್ಟೆ.

ಅವರು ಮಿಷನ್ನಿನ ಮೇಲಿದ್ದ ರವಿಕೆಯ ತೋಳನ್ನು ಮಡಚಿದರು, ಬಿಡಿಸಿದರು, ಮತ್ತೆ ಮಡಚಿದರು.

“ಉಳಿದಿದ್ದಾದ್ರೂ ಓದೀರೇನ್ರಿ ಸರ್?”

“ಕಣ್ಣಾಡಿಸಿದ್ದೇನೆ.”

“ನಾ ಮೊದ್ಲು ಬರ್ದಿದ್ದೇ ಆ ಹದಿನಾರು ಪುಟ. ನಮ್ಮಜ್ಜಿ ಹೇಳ್ತಿದ್ದ ಕಥೆ ಅದು. ಅದನ್ನ ಹೇಳ್ಬೇಕು ಅಂತ್ಲೇ ಉಳಿದಿದ್ದೆಲ್ಲ ಬರ್ದೆ. ತೆಗೀರಿ ಅಂತ ಪ್ರೆಸ್ಸಿಗೆ ಹೇಳಿ ಬಂದ ದಿನ ಮಿಷನ್ ಮುಂದೆ ಕೂರೋಕೂ ಮನಸ್ಸಾಗ್ಲಿಲ್ಲ. ಬರೆಯೋದು ನಮ್ಮಂಥೋರಿಗಲ್ಲ ಬಿಡು, ಇದೊಂದಕ್ಕೇ ಸಾಕು ಅಂತ ಮಾಡಿದ್ದೆ.”

ನನಗೆ ಭೂಮಿ ಬಾಯಿ ಬಿಡಬಾರದೇ ಎನ್ನಿಸಿತು. ಇಪ್ಪತ್ತೆರಡು ವರ್ಷ ದನಿಯಿಲ್ಲದವರ ದನಿಯ ಬಗ್ಗೆ ಸೆಮಿನಾರುಗಳಲ್ಲಿ ಭಾಷಣ ಮಾಡಿದವನು, ಎದುರಿಗೆ ಬಂದು ನಿಂತ ಒಂದು ದನಿಯನ್ನು ಹೊಗಳಿ ಹೊಗಳಿಯೇ ಅಡಗಿಸಲು ಹೊರಟಿದ್ದೆ. ಸುವರ್ಣಮ್ಮ ಬೈಯಲಿಲ್ಲ. ಒಳಗೆ ಹೋಗಿ ಒಂದು ನೋಟುಬುಕ್ಕು ತಂದು, ಗುರುತಿಗೆ ಹಸಿರು ದಾರ ಇಟ್ಟಿದ್ದ ಪುಟ ತೆರೆದು ನನ್ನ ಕೈಗೆ ಕೊಟ್ಟರು. “ಓದ್ತಾ ಇರಿ ಸರ್, ರೊಟ್ಟಿ ಹಾಕ್ತೀನಿ,” ಎಂದು ಅಡುಗೆಮನೆಗೆ ಹೋದರು.

ನನ್ನ ಹತ್ತಿರ ಪೆನ್ಸಿಲ್ಲೂ ಇರಲಿಲ್ಲ. ಓದಿದೆ. ಬಸವ್ವಜ್ಜಿ ಮೊರ ಹಿಡಿದುಕೊಂಡು ಹೋದವಳು ನೇರ ತನ್ನ ಹೊಲದ ಗಡಿಕಲ್ಲಿನ ಮೇಲೆ ಕೂತು ಅಕ್ಕಿ ಆರಿಸತೊಡಗುತ್ತಾಳೆ. ಸರಪಳಿಯವರು ಏಳಮ್ಮ ಎನ್ನುತ್ತಾರೆ. ಅಕ್ಕಿ ಮುಗಿಯಲಿ ಎನ್ನುತ್ತಾಳೆ. ಸಾಹೇಬನೇ ಬಂದು ನಿಲ್ಲುತ್ತಾನೆ. ಅವಳು ಅವನ ಟೋಪಿಯನ್ನು, ಅವನ ಕುದುರೆಯನ್ನು, ಅವನಿಗೆ ಹೆಣ್ಣು ಕೊಟ್ಟವರನ್ನು, ಯಾರನ್ನೂ ಬಿಡದೆ ವಿಚಾರಿಸಿಕೊಳ್ಳುತ್ತಾಳೆ. ಮಧ್ಯಾಹ್ನದ ಹೊತ್ತಿಗೆ ಊರಿನ ಹೆಂಗಸರೆಲ್ಲ ತಮ್ಮ ತಮ್ಮ ಮೊರ ತಂದು ಸುತ್ತ ಕೂರುತ್ತಾರೆ. ಎರಡು ದಿನ ಅಕ್ಕಿ ಮುಗಿಯುವುದೇ ಇಲ್ಲ. ಕೊನೆಗೆ ಸಾಹೇಬ ಸರಪಳಿಯನ್ನು ಅವರ ಸುತ್ತು ಹಾಕಿ ಎಳೆಸುತ್ತಾನೆ, ಆ ಹೊಲದ ನಕ್ಷೆಯಲ್ಲಿ ಒಂದು ಸೊಟ್ಟ ಗೆರೆ ಉಳಿದುಬಿಡುತ್ತದೆ. ನಾನು ಮೌನ ಎಂದು ಬರೆದ ಜಾಗದಲ್ಲಿ ಅಜ್ಜಿ ಹದಿನಾರು ಪುಟ ಬಾಯಿ ಮುಚ್ಚದೆ ಮಾತಾಡಿದ್ದಳು.

ಟೋಪಿಯ ಹತ್ತಿರ ಬಂದಾಗ ನನಗೆ ಗೊತ್ತಿಲ್ಲದೆ ಜೋರಾಗಿ ನಕ್ಕುಬಿಟ್ಟೆ. ಒಳಗೆ ರೊಟ್ಟಿ ಬಡಿಯುವ ಸದ್ದು ನಿಂತಿತು. ಕುದುರೆಯ ಹತ್ತಿರ ಮತ್ತೆ ನಕ್ಕೆ, ಮತ್ತೆ ನಿಂತಿತು. ಕಡೆಯ ಪುಟದಲ್ಲಿ, ಸಾಹೇಬ ಹೋದ ಮೇಲೆ ಅಜ್ಜಿಗೆ ಕಾಲು ಜೋಮು ಹಿಡಿದು ಏಳಲಾಗದೆ, ಹೆಂಗಸರೆಲ್ಲ ಸೇರಿ ಅವಳನ್ನು ಎತ್ತಿಕೊಂಡು ಹೋಗುವಲ್ಲಿ ಕಣ್ಣು ಮಂಜಾಯಿತು. ಕನ್ನಡಕ ಒರೆಸಿಕೊಂಡು ತಲೆ ಎತ್ತಿದರೆ ಸುವರ್ಣಮ್ಮ ಕೈಯೆಲ್ಲ ಹಿಟ್ಟು ಮಾಡಿಕೊಂಡು ಬಾಗಿಲಲ್ಲಿ ನಿಂತಿದ್ದರು.

“ಚೆನ್ನಾಗಿದೆ,” ಎಂದೆ. ಅವರಿಗೆ ಅಷ್ಟು ಸಾಕಾಗಿತ್ತೆಂದು ತೋರುತ್ತದೆ, ಸೆರಗಿನಿಂದ ಕಣ್ಣೊರೆಸಿಕೊಂಡು, ಸೋಮವಾರ ತಾವೇ ಪ್ರೆಸ್ಸಿಗೆ ಹೋಗಿ ಪುಟಗಳನ್ನು ಮೊದಲಿನಂತೆ ಸೇರಿಸಿ ಎಂದು ಹೇಳುವುದಾಗಿ ತಿಳಿಸಿದರು. ನನ್ನ ಮುನ್ನುಡಿಯನ್ನು ನಾನೇ ವಾಪಸು ಕೇಳಿದೆ. ಅವರು ಎಷ್ಟು ಬೇಗ ತಂದುಕೊಟ್ಟರೆಂದರೆ, ಅದು ಮೊದಲೇ ಕೈಗೆ ಸಿಗುವ ಹಾಗೆ ಇಟ್ಟಿದ್ದರೇನೋ ಎಂಬ ಅನುಮಾನ ಇವತ್ತಿಗೂ ಇದೆ. ಹೊಸದಾಗಿ ಬರೆದುಕೊಡಲೇ ಎಂದಾಗ, ಪುಸ್ತಕ ತಾನೇ ಮಾತಾಡಿಕೊಳ್ಳಲಿ ಬಿಡಿ ಸರ್ ಎಂದರು. ಊಟಕ್ಕೆ ಕೂತಾಗ ಬಂದ ಗಂಡನ ಮುಂದೆ, ಸರ್ ಎರಡು ಸಲ ನಕ್ಕರು ಎಂದು ವರದಿ ಒಪ್ಪಿಸಿದರು. ಎರಡನೆಯ ಪುಸ್ತಕಕ್ಕೆ ಒಂದು ಎಳೆ ಇದೆ ಎಂದೂ ಹೇಳಿದರು. ಅದೇನೆಂದು ಕೇಳಿದರೆ ಹೇಳಲಿಲ್ಲ.

ಕಳೆದ ತಿಂಗಳು ಪುಸ್ತಕ ಬಂತು. ಮುನ್ನುಡಿಯಿಲ್ಲ. ಕೃತಜ್ಞತೆಯ ಪುಟದಲ್ಲಿ ಟೈಪು ಮಾಡಿದವರು, ಪ್ರೆಸ್ಸಿನವರು, ಗಂಡ ಎಲ್ಲರೂ ಆದ ಮೇಲೆ ಕೊನೆಗೆ ನಾನಿದ್ದೇನೆ: ಈ ಕಾದಂಬರಿಯ ಹದಿನಾರು ಪುಟಗಳನ್ನು ಮನಸ್ಸಿಟ್ಟು ಓದಿದ ಮೇಷ್ಟ್ರಿಗೆ ನಮಸ್ಕಾರಗಳು. ಸುವರ್ಣಮ್ಮನವರಿಗೆ ಇದರಲ್ಲಿ ಕುಚೋದ್ಯವೇನೂ ಇಲ್ಲ, ನಡೆದದ್ದನ್ನು ನಡೆದ ಹಾಗೆ ಬರೆದಿದ್ದಾರೆ. ಕಾಲೇಜಿನ ಸ್ಟಾಫ್ ರೂಮಿನಲ್ಲಿ ಮಾತ್ರ ಇದು ಒಂದು ವಾರ ಓಡಿತು. ಯಾಕೆ ಸರ್ ಹದಿನಾರೇ ಎಂದು ಇತಿಹಾಸದವರು ಕೇಳಿದಾಗ, ಲೇಖಕಿ ಇಲ್ಲಿ ವಿಮರ್ಶೆಯ ಅಧಿಕಾರವನ್ನೇ ಪ್ರಶ್ನಿಸುತ್ತಿದ್ದಾರೆ ಎಂಬ ವಾಕ್ಯ ನಾಲಿಗೆಯ ತುದಿಗೆ ಬಂದಿತ್ತು, ನುಂಗಿಕೊಂಡೆ.

ಪುಸ್ತಕವನ್ನು ಮೊದಲು ಎತ್ತಿಕೊಂಡದ್ದು ಶೈಲಜ, ಮೂರೇ ದಿನಕ್ಕೆ ಮುಗಿಸಿದಳು. ನಾನು ಮೊದಲ ಪುಟದಿಂದ ಶುರುಮಾಡಿ ಈಗ ನೂರನಲವತ್ತರ ಆಸುಪಾಸಿನಲ್ಲಿದ್ದೇನೆ. ನಿನ್ನೆ ಸಂಜೆ ಅವಳು ಚಹಾ ಕೊಡುತ್ತ, ಪಾಪ ಆ ದೊಡ್ಡ ಮೊಮ್ಮಗಳು ಕೊನೆಗೆ ಎಂದು ಏನೋ ಹೇಳಲು ಹೊರಟಳು. ದಕ್ಷಿಣ ಏಷ್ಯಾದ ಕಾದಂಬರಿಗಳಲ್ಲಿ ಡಾಕ್ಟರೇಟು ಪಡೆದ ನಾನು ಎರಡೂ ಕಿವಿ ಗಟ್ಟಿಯಾಗಿ ಮುಚ್ಚಿಕೊಂಡು, ಮುಂದೆ ಏನಾಗುತ್ತದೆ ಎಂದು ಮಾತ್ರ ಹೇಳಬೇಡ ಮಾರಾಯ್ತಿ ಎಂದು ಬೇಡಿಕೊಂಡೆ.