ಹಗುರ ಮನಸ್ಸಿನ ಅಕ್ಕನಿಂದ ಪಾಲಕ ತಮ್ಮನವರಿಗೆ

ನುಕೇರಿಯಾ ಪಟ್ಟಣದ ಹಿರಿಮೆಯೂ, ಪೆಟಿಲಿಯಸ್ ಮನೆತನದ ಕುಡಿಯೂ, ಬರುವ ಚುನಾವಣೆಯಲ್ಲಿ ರಸ್ತೆ, ಸಂತೆ ಮತ್ತು ಸ್ನಾನಗೃಹಗಳ ಮೇಲ್ವಿಚಾರಕ ಹುದ್ದೆಗೆ ನಿಂತಿರುವವರೂ, ಹುಟ್ಟಿದಂದಿನಿಂದ ಇಂದಿನವರೆಗೆ ಯಾವ ಕೆಲಸಕ್ಕೂ ಆತುರಪಡದವರೂ ಆದ ಪೆಟಿಲಿಯಸ್ ಸೆಲೆರ್ ಅವರಿಗೆ, ಅವರ ದೊಡ್ಡಪ್ಪನ ಮಗಳು ಪೆಟಿಲಿಯಾ, ತುಂಬು ಬಸುರಿಯಾದ ಕಾರಣ ಬಗ್ಗಲಾಗದೆ, ನಿಂತಲ್ಲಿಂದಲೇ ಸಲ್ಲಿಸುವ ವಂದನೆಗಳು.

ಮಾನ್ಯರೇ,

ತಾವು ಕ್ಷೇಮವಾಗಿದ್ದರೆ ಸಂತೋಷ, ನಾನೂ ಕ್ಷೇಮ. ಇದನ್ನು ಮೇಣದ ಹಲಗೆಯ ಮೇಲೆ ಗೀಚಿ ಗುಟ್ಟಾಗಿ ಕಳಿಸಬಹುದಿತ್ತು. ಆದರೆ ಹಿಂದೆ ಕಳಿಸಿದವೆಲ್ಲ ತಮ್ಮ ಹೊಸ್ತಿಲು ದಾಟಿದ ಮೇಲೆ ಏನಾದವೋ ತಿಳಿಯದ್ದರಿಂದ, ಈ ಸಲ ಸ್ನಾನಗೃಹದ ಎದುರಿನ ಗೋಡೆಗೆ ಸುಣ್ಣ ಬಳಿಸಿ, ದಪ್ಪ ಕೆಂಪು ಅಕ್ಷರಗಳಲ್ಲಿ ಬರೆಸುತ್ತಿದ್ದೇನೆ. ಬರೆಯುವವನು ಏಣಿಯ ಮೇಲಿಂದ "ಅಮ್ಮಾ, ಒಂದೊಂದು ವಾಕ್ಯಾನೂ ಇಷ್ಟುದ್ದ ಹೇಳಿದ್ರೆ ನಾನು ಗೋಡೆ ಎಲ್ಲಿಂದ ತರ್ಲಿ?" ಎಂದು ಗೊಣಗುತ್ತಿದ್ದಾನೆ. ಅಂದಹಾಗೆ, ಪತ್ರದುದ್ದಕ್ಕೂ ಬರುವ 'ತಮ್ಮ' ಎಂಬ ಮಾತನ್ನು ಗೌರವಕ್ಕೆ ಹೇಳಿದ್ದೆಂದೇ ಓದಿಕೊಳ್ಳಬೇಕು. ತಾವು ವಯಸ್ಸಿನಲ್ಲಿ ನನಗೆ ತಮ್ಮನೇ ಆಗಿರುವುದಾಗಲಿ, ಸೋರುವ ತಮ್ಮ ಮೂಗನ್ನು ನಾನು ನನ್ನ ಸೆರಗಿನಲ್ಲಿ ಒರೆಸುತ್ತಿದ್ದುದಾಗಲಿ ಕಾನೂನಿಗೆ ಸಂಬಂಧಪಟ್ಟದ್ದಲ್ಲ.

ಕಾನೂನು ಹೇಳುವುದಿಷ್ಟೇ: ಹೆಂಗಸಿನ ಮನಸ್ಸು ಹಗುರ, ಆದ್ದರಿಂದ ಅಪ್ಪನನ್ನು ಕಳೆದುಕೊಂಡವಳು ಎಷ್ಟೇ ದೊಡ್ಡವಳಾಗಿದ್ದರೂ ಆಕೆಗೆ ತವರಿನ ಗಂಡಸೊಬ್ಬ ಪಾಲಕನಾಗಿರಬೇಕು, ದೊಡ್ಡ ವ್ಯವಹಾರಗಳಲ್ಲಿ ಅವನು ಎದುರಿಗೆ ನಿಂತು ಬಾಯಿಬಿಟ್ಟು 'ಒಪ್ಪಿದೆ' ಎನ್ನಬೇಕು. ಅಪ್ಪ ಬಿಟ್ಟುಹೋದ, ಮೀನನ್ನು ಉಪ್ಪಿನಲ್ಲಿ ಕೊಳೆಸಿ ಅಡುಗೆಯ ರಸ ತೆಗೆಯುವ ಅಂಗಳವನ್ನು ನಡೆಸುತ್ತಿರುವವಳು ನಾನು. ಜಾಡಿಯ ಮೇಲೆ ನನ್ನ ಮುದ್ರೆ ಇದ್ದರೆ ರೋಮಿನ ವರ್ತಕರು ಮುಚ್ಚಳ ತೆಗೆದು ಮೂಸಿ ನೋಡುವುದಿಲ್ಲ. ಆದರೂ ನನ್ನ ಮನಸ್ಸು ಗಾಳಿಗೆ ಹಾರಿಹೋಗದಂತೆ ಹಿಡಿದಿರುವ ಕಲ್ಲುಗುಂಡು ತಾವು. ನನ್ನ ಪಕ್ಕದಲ್ಲಿ ಮಲಗುವ ಗಂಡನಿಗೆ ಈ ವಿಷಯದಲ್ಲಿ ತುಟಿ ಬಿಚ್ಚುವ ಹಕ್ಕಿಲ್ಲ, ಎರಡು ಬೀದಿ ಆಚೆ ಮಲಗುವ ತಮಗಿದೆ. ಹಿರಿಯರ ಈ ಏರ್ಪಾಡನ್ನು ನೆನೆದಾಗಲೆಲ್ಲ ನನಗೆ ಕಣ್ಣು ತುಂಬಿ ಬರುತ್ತದೆ.

ನಾನು ಕೇಳಿದ್ದು ಒಂದೇ ಒಂದು 'ಒಪ್ಪಿದೆ'. ನಮ್ಮ ಮನೆಯ ತೊತ್ತು ತಲ್ಲೂಸಾ ತಮಗೆ ಗೊತ್ತು. ಅವಳ ತಾಯಿಯ ಹಾಲು ಕುಡಿದು ಬೆಳೆದವಳು ನಾನು. ಹಾಲು ಸಾಲದಾದಾಗ ಅಳುತ್ತ ಮಲಗಿದವಳು ಅವಳು. ಈಗ ಅವಳೂ ತುಂಬಿದ ಬಸುರಿ. ಹೆರುವ ಗಳಿಗೆಯಲ್ಲಿ ತಾಯಿ ತೊತ್ತಾಗಿದ್ದರೆ ಮಗುವೂ ತೊತ್ತು, ತಾಯಿ ಸ್ವತಂತ್ರಳಾಗಿದ್ದರೆ ಮಗುವೂ ಸ್ವತಂತ್ರ. ಆದ್ದರಿಂದ ಹೆರಿಗೆಗೆ ಮುಂಚೆ ಅವಳನ್ನು ನ್ಯಾಯಾಧಿಕಾರಿಗಳ ಬೆತ್ತ ಮುಟ್ಟಿಸಿ ಬಿಡುಗಡೆ ಮಾಡಬೇಕೆಂಬುದು ನನ್ನ ಆಸೆ, ಅದಕ್ಕೆ ಬೇಕಾದದ್ದು ತಮ್ಮ ಬಾಯಿಂದ ಬರುವ ಆ ಒಂದು ಮಾತು.

ಈ ಮಾತನ್ನು ಆಡದೆ ಉಳಿಸಿಕೊಳ್ಳುವುದರಲ್ಲಿ ತಾವು ತೋರಿದ ಶ್ರದ್ಧೆಯನ್ನು ಹೊಗಳಲು ನನ್ನ ಹಗುರ ಮನಸ್ಸಿಗೆ ಶಕ್ತಿ ಸಾಲದು. ಮೊದಲ ಸಲ ದಿನ ಸರಿಯಿಲ್ಲವೆಂದಿರಿ. ಮುಂದಿನ ಸಲ ಹೊಸ್ತಿಲಿಗೆ ಎಡಗಾಲು ತಾಗಿತೆಂದು ಅರ್ಧ ದಾರಿಯಿಂದ ಮನೆಗೆ ಹಿಂತಿರುಗಿದಿರಿ. ಆಮೇಲೊಮ್ಮೆ ನ್ಯಾಯಾಧಿಕಾರಿಗಳೂ ಬಂದು, ಬೆತ್ತವೂ ಸಿದ್ಧವಾಗಿ, ತಲ್ಲೂಸಾ ತಲೆಬಾಗಿ ನಿಂತು, ತಾವು ಬಾಯಿ ತೆರೆಯುವಷ್ಟರಲ್ಲಿ ಎಲ್ಲೋ ಸುಂಡಿಲಿಯೊಂದು ಚೀರಿತೆಂದು ಬಾಯಿ ಮುಚ್ಚಿಕೊಂಡಿರಿ. ಸುಂಡಿಲಿ ಚೀರಿದರೆ ಅಪಶಕುನವೆಂಬುದು ಊರಿಗೆಲ್ಲ ಗೊತ್ತು, ಆದರೆ ಅದು ಚೀರಿದ್ದು ತಮ್ಮೊಬ್ಬರ ಕಿವಿಗೆ ಮಾತ್ರ ಬಿದ್ದದ್ದು ತಮ್ಮ ದೈವಭಕ್ತಿಯ ಫಲ.

ಕೊನೆಗೆ ನಾನೇ ತಮ್ಮ ಮನೆಗೆ ಬಂದು ಕಾಲಿಗೆ ಬೀಳುವುದೊಂದು ಬಾಕಿ ಎಂಬಂತೆ ಕೇಳಿದಾಗ ತಾವು ಆಲಿವ್ ಬೀಜ ಉಗಿಯುತ್ತ ಹೇಳಿದ್ದು ಇದು: "ಇನ್ನೊಂದಿಷ್ಟು ದಿನ ತಡ್ಕೋ ಅಕ್ಕಾ. ಹೆತ್ತ ಮೇಲೆ ಬೇಕಾದ್ರೆ ತಾಯೀನ ಬಿಡು, ಮಗು ಮನೇಲೇ ಉಳಿಯತ್ತೆ. ಮನೆತನದ ಆಸ್ತೀನ ಯಾರಾದ್ರೂ ಸುಮ್ಸುಮ್ನೆ ಬೀದಿಗೆ ಬಿಡ್ತಾರಾ?" ಮಾನ್ಯರೇ, ಆ ಮಾತಿಗೆ ನನ್ನ ಹೊಟ್ಟೆಯೊಳಗಿನ ಕೂಸೂ ಒದೆಯುವುದನ್ನು ನಿಲ್ಲಿಸಿತು. ತಲ್ಲೂಸಾ ನನ್ನ ಹಿಂದೆಯೇ ನಿಂತಿದ್ದಳು. ದಾರಿಯಲ್ಲಿ ಅವಳೇ ನನ್ನನ್ನು ಸಮಾಧಾನ ಮಾಡಿದಳು: "ಬಿಡಿ ಅಕ್ಕಾವ್ರೇ, ನಿಮ್ ತಮ್ಮ ಒಳ್ಳೇವ್ರು. ಹುಟ್ಟೋಕ್ ಮುಂಚೇನೇ ನನ್ ಮಗೂಗೆ ಕೆಲ್ಸ ಗೊತ್ ಮಾಡಿದಾರೆ." ನಾನು ನಕ್ಕೆ, ಅವಳೂ ನಕ್ಕಳು.

ಆದ್ದರಿಂದ ನನ್ನ ಕೆಲವು ಸಣ್ಣ ಬಿನ್ನಹಗಳನ್ನು ತಾವು ದಯಮಾಡಿ ಪರಿಶೀಲಿಸಬೇಕು. ಪ್ರಚಾರದ ಒತ್ತಡದಲ್ಲಿ ತಮಗೆ ಬರಲು ಬಿಡುವಿಲ್ಲದಿದ್ದರೆ ತಮ್ಮ ಬಾಯಿಯನ್ನಷ್ಟೇ ಒಂದು ಬುಟ್ಟಿಯಲ್ಲಿಟ್ಟು ಕಳಿಸಿದರೂ ಸಾಕು, ಕೆಲಸ ಮುಗಿದೊಡನೆ ಒರೆಸಿ ಹಿಂತಿರುಗಿಸುತ್ತೇನೆ. ಅದಾಗದಿದ್ದರೆ ಊರಿನ ಸುಂಡಿಲಿಗಳನ್ನೆಲ್ಲ ಸಭೆ ಕರೆದು, ತಾವು ಮಾತಾಡುವಾಗ ಮೌನವಾಗಿರಬೇಕೆಂದು ಗೊತ್ತುವಳಿ ಮಾಡಿಸಬೇಕು. ಅದೂ ಕಷ್ಟವಾದರೆ, ತಮಗೆ ಒಪ್ಪುವ ಶುಭದಿನ ಸಿಗುವವರೆಗೆ ತಲ್ಲೂಸಾಳ ಹೆರಿಗೆಯನ್ನು ಮುಂದೂಡಿ ಆಜ್ಞೆ ಹೊರಡಿಸಬೇಕು.

ಚುನಾವಣೆಯ ಮಾತು ಬಂದದ್ದರಿಂದ ಇನ್ನೊಂದು ವಿಷಯ. ಮತ ಹಾಕುವ ಹಕ್ಕಿಲ್ಲದ ನಮ್ಮಂಥ ಹೆಂಗಸರು ಗೋಡೆಗಳ ಮೇಲೆ 'ಇಂಥವರನ್ನು ಆರಿಸಿ' ಎಂದು ಬರೆಸಬಹುದು, ಮತ ಹಾಕುವ ಗಂಡಸರು ಅದನ್ನು ಓದಿಕೊಂಡೇ ಹೋಗುತ್ತಾರೆ. ತಮ್ಮ ಹೆಸರು ಬರೆಸಲೆಂದು ಬಿಸಿ ಊಟದಂಗಡಿಯ ಅಸೆಲ್ಲಾಳನ್ನು ಕೇಳಿದೆ. ಸೌಟು ಎತ್ತಿ ಅವಳು ಕೇಳಿದ್ದು ಹೀಗೆ: "ಮನೆ ಅಕ್ಕಂಗೆ ಒಂದ್ ಮಾತು ಕೊಡೋಕಾಗ್ದೋನು ನಮ್ ಬೀದೀಗೆ ಚರಂಡಿ ಮಾಡಿಸ್ತಾನಾ?"

ಇನ್ನು ಉಳಿದಿರುವುದು ಒಂದೇ ದಾರಿ. ಮೂರು ಹೆತ್ತವಳಿಗೆ ಪಾಲಕನ ಹಂಗಿಲ್ಲವೆಂದು ಇತ್ತೀಚಿನ ಕಾನೂನಿದೆ. ಎರಡು ಹೆರಿಗೆಯವರೆಗೂ ಹಗುರವಾಗಿದ್ದ ಮನಸ್ಸು ಮೂರನೆಯದಕ್ಕೆ ದಿಢೀರನೆ ತೂಕ ಪಡೆಯುವುದು ಹೇಗೋ, ಪಂಡಿತರೇ ಬಲ್ಲರು. ನನಗೆ ಇಬ್ಬರು ಮಕ್ಕಳು, ಹೊಟ್ಟೆಯಲ್ಲಿರುವುದು ಮೂರನೆಯದು. ನಾನು ತಲ್ಲೂಸಾಳಿಗಿಂತ ಮೊದಲು ಹೆತ್ತರೆ ತಮ್ಮ ಮಾತು ಬೇಕಿಲ್ಲ. ಅವಳು ಮೊದಲು ಹೆತ್ತರೆ ಎಲ್ಲ ಮುಗಿಯಿತು. ಸೂಲಗಿತ್ತಿ ಇಬ್ಬರ ಹೊಟ್ಟೆಯನ್ನೂ ಮುಟ್ಟಿ ನೋಡಿ ಅವಳದೇ ಮೊದಲೆಂದು ತಲೆಯಾಡಿಸಿದ್ದಾಳೆ. ಅಂದಿನಿಂದ ನಾನು ಬೆಳಗಿನಿಂದ ಸಂಜೆಯವರೆಗೆ ಉಗ್ರಾಣದ ಮೆಟ್ಟಿಲು ಹತ್ತಿ ಇಳಿಯುತ್ತಿದ್ದೇನೆ, ಅವಳನ್ನು ನನ್ನ ಮಂಚದ ಮೇಲೆ ಕಾಲೆತ್ತಿ ಮಲಗಿಸಿದ್ದೇನೆ. "ಅಕ್ಕಾವ್ರೇ, ನೀವ್ ಓಡಾಡಿ ನಾನ್ ಮಲ್ಗಿದ್ರೆ ಯಜಮಾನ್ತಿ ಯಾರು ಅಂತ ಜನ ಕೇಳಲ್ವಾ?" ಎನ್ನುತ್ತಾಳೆ. ಕೇಳಲಿ. ನನಗೆ ಭಯವಾಗುತ್ತಿದೆ ಮಾನ್ಯರೇ, ಇದನ್ನು ಮಾತ್ರ ಹಾಸ್ಯಕ್ಕೆ ಬರೆಸುತ್ತಿಲ್ಲ.

ತಾವು ಇವತ್ತೇ ಬಂದು ಆ ಒಂದು ಮಾತು ಆಡುವಿರೆಂಬ, ಹಗುರ ಮನಸ್ಸಿಗಷ್ಟೇ ಸಾಧ್ಯವಾದ ನಂಬಿಕೆಯೊಂದಿಗೆ,

ತಮ್ಮ ವಿಶ್ವಾಸಿ,
ಪೆಟಿಲಿಯಾ

ಮರೆತ ಮಾತು: ಸ್ನಾನಗೃಹದ ಗೋಡೆ ತುಂಬಿಹೋದ ಕಾರಣ ಇದನ್ನು ಮಂಚದಿಂದಲೇ ಹೇಳಿಕಳಿಸಿ ತಮ್ಮ ಮನೆಯ ಹೊರಗೋಡೆಯ ಮೇಲೆ ಬರೆಸುತ್ತಿದ್ದೇನೆ, ಕ್ಷಮೆಯಿರಲಿ. ಮೆಟ್ಟಿಲುಗಳು ಕೈಬಿಡಲಿಲ್ಲ. ನನಗೆ ಹೆಣ್ಣುಮಗು ಹುಟ್ಟಿದಾಗ ತಲ್ಲೂಸಾ ಆಗಲೇ ಬಾಗಿಲ ಚೌಕಟ್ಟು ಹಿಡಿದು ನರಳುತ್ತಿದ್ದಳು. ಸ್ನಾನಕ್ಕೆ ಹೊರಟಿದ್ದ ನ್ಯಾಯಾಧಿಕಾರಿಗಳನ್ನು ನನ್ನ ಗಂಡ ಬೀದಿಯಲ್ಲೇ ತಡೆದು ಒಳಗೆ ಕರೆತಂದ. ಅವರು ಒಂದು ಕೈಯಲ್ಲಿ ಎಣ್ಣೆಯ ಕುಪ್ಪಿ ಹಿಡಿದುಕೊಂಡೇ ಇನ್ನೊಂದು ಕೈಯಿಂದ ಬೆತ್ತ ಮುಟ್ಟಿಸಿದರು. ಅವರು ಬೀದಿಯ ತಿರುವು ದಾಟುವ ಮೊದಲೇ ಅವಳಿಗೂ ಹೆಣ್ಣುಮಗುವಾಯಿತು. ಬಿಡುಗಡೆಯಾದವಳು ಬಿಟ್ಟವರ ಮನೆತನದ ಹೆಸರು ಹೊರುವುದು ನಮ್ಮ ಪದ್ಧತಿ, ಮನೆತನದ ಹೆಣ್ಣುಮಕ್ಕಳಿಗೆಲ್ಲ ಒಂದೇ ಹೆಸರಿಡುವುದೂ ನಮ್ಮ ಪದ್ಧತಿ. ನನ್ನ ಗಂಡನೂ ದೂರದ ಪೆಟಿಲಿಯಸ್ ಮನೆತನದವನೇ. ಹೀಗಾಗಿ ತಾಯಂದಿರಿಬ್ಬರೂ ಪೆಟಿಲಿಯಾ, ಕೂಸುಗಳೆರಡೂ ಪೆಟಿಲಿಯಾ. ಗೋಡೆ ಓದಿ ತಾವು ಓಡೋಡಿ ಬಂದು, ನಮ್ಮ ಬಾಗಿಲಲ್ಲಿ ನಿಂತು "ಒಪ್ಪಿದೆ ಅಕ್ಕಾ, ಒಪ್ಪಿದೆ!" ಎಂದು ಬೀದಿಗೆಲ್ಲ ಕೇಳುವಂತೆ ಕೂಗುತ್ತಿರುವುದು ಒಳಗೆ ಚೆನ್ನಾಗಿ ಕೇಳಿಸುತ್ತಿದೆ. ದಯವಿಟ್ಟು ಸ್ವಲ್ಪ ಮೆಲ್ಲಗೆ, ಪೆಟಿಲಿಯಾಗಳು ಈಗಷ್ಟೇ ಮಲಗಿದ್ದಾರೆ.